ಚೀಟಿ ಸರಿಯಿದೆ, ಮಾಲು ಯಾರದು?

ಹುತ್ರಿದುರ್ಗದ ಬೆಟ್ಟದಲ್ಲಿ, ಕೋಟೆಯ ಮೇಲಿನ ಬಾಗಿಲೊಂದರ ನೆರಳಲ್ಲಿ ನಡೆದ ಮಾತು ಇದು. ಮಾವ ಸೇನೆಯಲ್ಲಿ ಡ್ರೈವರ್ ಆಗಿದ್ದವರು. ವಿಶ್ವಸಂಸ್ಥೆಯ ಶಾಂತಿಪಡೆಯ ಜತೆ ಪೂರ್ವ ಕಾಂಗೋದ ಗೋಮಾದಲ್ಲಿದ್ದು ಬಂದವರು. ನಿವೃತ್ತಿಯಾದ ಮೇಲೆ ಚಿಕ್ಕನಾಯಕನಹಳ್ಳಿ ಕಡೆಯ ಒಂದು ಗಣಿಯ ವೇಬ್ರಿಡ್ಜಿನಲ್ಲಿ ಸೆಕ್ಯುರಿಟಿ ಕೆಲಸಕ್ಕಿದ್ದರು. ಅಳಿಯ ಅವರ ಅಕ್ಕನ ಮಗ. ಕುಣಿಗಲ್ಲಿನಲ್ಲಿ ಮೊಬೈಲು, ಲ್ಯಾಪ್‌ಟಾಪ್ ರಿಪೇರಿ ಅಂಗಡಿ ಇಟ್ಟುಕೊಂಡಿದ್ದಾನೆ.

ಅಳಿಯ: ಮೊನ್ನೆ ಅಂಗಡೀಲಿ ನೀವು ಒಂದು ಮಾತು ಅಂದ್ರಿ ಮಾವ. ಲ್ಯಾಪ್‌ಟಾಪ್ ಬೋರ್ಡು ಸತ್ತಿತ್ತು, ಮೈಕ್ರೋಸ್ಕೋಪ್ ಕೆಳಗಿಟ್ಟು ಹುಡುಕ್ತಿದ್ದೆ. ಒಂದು ಟ್ಯಾಂಟಲಮ್ ಕೆಪಾಸಿಟರ್ ಶಾರ್ಟ್ ಆಗಿತ್ತು. ಅಕ್ಕಿಕಾಳಿಗಿಂತ ಒಂಚೂರು ದಪ್ಪ, ಹಳದಿ ಮೈ, ಒಂದು ತುದೀಲಿ ಪಟ್ಟೆ. ಮಾಮೂಲಿ ಎಲೆಕ್ಟ್ರೋಲಿಟಿಕ್‌ನಲ್ಲಿ ಪಟ್ಟೆ ಇರೋ ಕಡೆ ಮೈನಸ್ಸು, ಇದರಲ್ಲಿ ಪಟ್ಟೆ ಇರೋ ಕಡೆ ಪ್ಲಸ್ಸು. ತಿರುವಿ ಕೂರಿಸಿದ್ರೆ ಹೊತ್ತಿಕೊಳ್ಳುತ್ತೆ. ಹಾಟ್ ಏರ್ ಹಿಡಿದು ಅದನ್ನ ಎತ್ತಿದೆ. ನೀವು ಅದನ್ನ ಅಂಗೈಗೆ ಇಸ್ಕೊಂಡು ‘ಇದು ಮಸೀಸಿ ಮಣ್ಣಿರಬಹುದು’ ಅಂದ್ರಿ. ಗಿರಾಕಿ ನಿಂತಿದ್ರು, ಕೇಳಕ್ಕಾಗಲಿಲ್ಲ.

ಮಾವ: ಇರಬಹುದು ಅಂದೆ, ಅಷ್ಟೇ. ಆಣೆ ಮಾಡಿ ಹೇಳಕ್ಕಾಗಲ್ಲ. ಟ್ಯಾಂಟಲಮ್ಮು ಬ್ರೆಜಿಲ್‌ನಿಂದ್ಲೂ ಬರುತ್ತೆ, ನೈಜೀರಿಯಾದಿಂದ್ಲೂ ಬರುತ್ತೆ. ಆದ್ರೆ ಕಾಂಗೋನೂ ಪಕ್ಕದ ರುವಾಂಡಾನೂ ಸೇರಿಸಿದ್ರೆ ಲೋಕಕ್ಕೆ ಸಿಗೋದರಲ್ಲಿ ಅರ್ಧಕ್ಕಿಂತ ಜಾಸ್ತಿ ಆ ಸೀಮೇದೇ. ಅದಿರಿನ ಹೆಸರು ಕೋಲ್ಟಾನ್. ಗೋಮಾ ಬಿಟ್ಟು ಕಿವು ಸರೋವರದ ದಂಡೆ ಹಿಡಿದು ಹೋದ್ರೆ ಸಾಕೆ ಅಂತ ಊರು ಸಿಗುತ್ತೆ. ಅಲ್ಲಿಂದ ಬೆಟ್ಟ ಹತ್ತಿದ್ರೆ ಮಸೀಸಿ. ದನ ಮೇಯೋ ಹಸಿರು ಬೆಟ್ಟಗಳು, ನೋಡಿದ್ರೆ ಕಣ್ಣು ತಣ್ಣಗಾಗುತ್ತೆ. ಅದರೊಳಗೇ ರುಬಾಯಾ ಗಣಿ. ಯಂತ್ರ ಇಲ್ಲ. ಹಾರೆ, ಗುದ್ದಲಿ, ಸಲಿಕೆ. ಗುಡ್ಡ ಕೊರೆದು ಒಬ್ಬ ತೂರೋವಷ್ಟು ಸುರಂಗ ಮಾಡ್ತಾರೆ, ಮಣ್ಣನ್ನ ಹೊತ್ತು ತಂದು ಹಳ್ಳದ ನೀರಲ್ಲಿ ತೊಳೀತಾರೆ. ಹಗುರದ್ದೆಲ್ಲ ಕೊಚ್ಚಿ ಹೋಗಿ ಕಪ್ಪು ಮರಳು ಉಳಿಯುತ್ತೆ. ಒಬ್ಬ ವಯಸ್ಸಾದೋನು ದಾರೀಲಿ ನನ್ನ ಅಂಗೈಗೆ ಒಂದು ಹಿಡಿ ಹಾಕಿದ್ದ. ಕೈ ಕೆಳಗೆ ಜಗ್ಗಿತು. ಸೀಸದ ಗುಂಡು ಹಿಡಿದಷ್ಟು ಭಾರ.

ಅಳಿಯ: ಅದನ್ನ ಮಾರಿ ಅವನು ಬದುಕ್ತಾನೆ ಅಲ್ವಾ? ಅಗೆಯೋನು ಅಗೀತಾನೆ, ಕೊಳ್ಳೋನು ಕೊಳ್ತಾನೆ. ಅದರಲ್ಲಿ ಯುದ್ಧ ಎಲ್ಲಿಂದ ಬಂತು?

ಮಾವ: ದಾರೀಲಿ ಬಂತು. ನಾವು ಕೂತಿರೋ ಈ ಜಾಗಾನೇ ನೋಡು. ಇಷ್ಟು ಎತ್ತರದಲ್ಲಿ ಇಷ್ಟು ಗೋಡೆ ಯಾಕೆ ಕಟ್ಟಿದ್ರು? ಕೆಳಗೆ ಹೋಗೋ ಬರೋ ದಾರಿ ಕಣ್ಣಿಗೆ ಬೀಳಲಿ ಅಂತ. 1791ರ ಡಿಸೆಂಬರಿನಲ್ಲಿ ಕಾರ್ನ್‌ವಾಲೀಸನ ಸೈನ್ಯ ಸಾವನದುರ್ಗ ಹಿಡಿದ ಬೆನ್ನಿಗೇ ಇದನ್ನೂ ಹಿಡೀತು, ಶ್ರೀರಂಗಪಟ್ಟಣಕ್ಕೆ ಹೋಗೋ ದಾರಿ ಭದ್ರ ಆಗಲಿ ಅಂತ. ದಾರಿ ಯಾರ ಕೈಲಿದೆಯೋ ಸೀಮೆ ಅವನ ಕೈಲಿರುತ್ತೆ. ಮಸೀಸೀಲಿ ಹಾಗೇ. ಬಂದೂಕು ಹಿಡಿದೋರು ಗಣೀಲಿ ಇಳಿದು ಅಗೀಬೇಕಾಗಿಲ್ಲ. ರಸ್ತೆಗೆ ಅಡ್ಡ ಒಂದು ಬಿದಿರು ಕಟ್ಟಿದ್ರೆ ಸಾಕು. ಅಗೆಯೋಕೆ ಒಳಗೆ ಹೋಗೋನು ಕೊಡಬೇಕು, ಹೊರಗೆ ಬರೋನು ಕೊಡಬೇಕು, ಚೀಲ ಹೊತ್ತೋನು ಕೊಡಬೇಕು. ಅಲ್ಲಿ ಚುಕುಡು ಅಂತ ಮರದ ಗಾಡಿ ಇದೆ, ಎರಡೇ ಚಕ್ರ, ಮೇಲೆ ಮೂಟೆ ಹೇರಿ ಇಳಿಜಾರಿನಲ್ಲಿ ಓಡಿಸ್ಕೊಂಡು ಬರ್ತಾರೆ. ಒಬ್ಬ ಹುಡುಗ ಹಾಗೆ ಬಂದು ಬಿದಿರಿನ ಮುಂದೆ ನಿಂತ. ನಮ್ಮ ಗಾಡಿ ಹಿಂದೆ ಇತ್ತು. ಅವನ ಜೇಬಲ್ಲಿ ದುಡ್ಡಿರಲಿಲ್ಲ. ಅಂಗಿ ಬಿಚ್ಚಿಸ್ಕೊಂಡ್ರು. ಅಷ್ಟೇ ನಡೆದಿದ್ದು, ಹೊಡೆತ ಬಡಿತ ಏನೂ ಇಲ್ಲ. ಬರಿಮೈಯಲ್ಲಿ ಗಾಡಿ ತಳ್ಕೊಂಡು ಹೋದ. ಆ ಸೀಮೇಲಿ ಸಂಜೆ ಮೇಲೆ ಚಳಿ ಕೊರೆಯುತ್ತೆ.

ಅಳಿಯ: ನೀವು ಅಲ್ಲೇ ಇದ್ರಲ್ಲ, ವಿಶ್ವಸಂಸ್ಥೆಯ ನೀಲಿ ಟೋಪಿ ಹಾಕ್ಕೊಂಡು.

ಮಾವ: ಇದ್ದೆವು. ಉತ್ತರ ಕಿವುನಲ್ಲಿ ನಮ್ಮ ಇಂಡಿಯನ್ ಬ್ರಿಗೇಡೇ ಇತ್ತು. ಗೋಮಾದಲ್ಲಿ ನಮ್ಮದೇ ಆಸ್ಪತ್ರೆ ಇತ್ತು. ಬೆಟ್ಟ ಬೆಟ್ಟಕ್ಕೊಂದು ಪಡೆ ಇರೋ ಸೀಮೇಲಿ ಅಲ್ಲೊಂದು ಇಲ್ಲೊಂದು ಠಾಣೆ ನಮ್ಮದು. 2008ರ ನವೆಂಬರಿನಲ್ಲಿ ಕಿವಾಂಜಾ ಅನ್ನೋ ಊರಲ್ಲಿ ಸುಮಾರು 150 ಜನರನ್ನ ಕೊಂದರು. ನಮ್ಮವರ ಠಾಣೆ ಹತ್ತಿರದಲ್ಲೇ ಇತ್ತು, ಇದ್ದೋರು ನೂರು ಚಿಲ್ಲರೆ ಜನ ಅಷ್ಟೇ. ಆ ತಿಂಗಳು ಗೋಮಾದ ಸುತ್ತ ಊರಿಗೆ ಊರೇ ಚಾಪೆ, ಪಾತ್ರೆ, ಮಕ್ಕಳನ್ನ ಹೊತ್ಕೊಂಡು ನಡೀತಿತ್ತು. ಗೋಮಾದ ನೆಲ ಕರೀ ಕಲ್ಲು ಕಣೋ. 2002ರಲ್ಲಿ ನ್ಯಿರಗೊಂಗೊ ಜ್ವಾಲಾಮುಖಿ ಉಕ್ಕಿ ಊರ ಮೇಲೇ ಹರಿದಿತ್ತು. ನಮ್ಮ ಬೂಟಿನ ಅಟ್ಟೆಗಳೇ ಹರಿದು ಹೋಗ್ತಿದ್ದವು, ಆ ಹೆಂಗಸರು ಅದರ ಮೇಲೆ ಬರಿಗಾಲಲ್ಲಿ ನಡೀತಿದ್ರು.

ಅಳಿಯ: ಇದೆಲ್ಲ ಒಂದು ಕೆಪಾಸಿಟರಿಗೋಸ್ಕರ ಅಂದ್ರೆ ನಂಬಕ್ಕಾಗಲ್ಲ ಮಾವ.

ಮಾವ: ನಂಬಬೇಡ. ಕೆಪಾಸಿಟರಿಗೋಸ್ಕರ ಶುರುವಾದ ಜಗಳ ಅಲ್ಲ ಅದು. 1994ರಲ್ಲಿ ರುವಾಂಡಾದ ನರಮೇಧ ಆದ ಮೇಲೆ ಲಕ್ಷಾಂತರ ಜನ ಗಡಿ ದಾಟಿ ಗೋಮಾಕ್ಕೆ ಬಂದ್ರು, ಕೊಂದೋರೂ ಅವರ ಜತೆಗೇ ಬಂದ್ರು. ಭೂಮಿ ಜಗಳ, ಕುಲದ ಜಗಳ, ಪಕ್ಕದ ದೇಶಗಳ ಕೈವಾಡ ಎಲ್ಲ ಇತ್ತು. 1996ರಲ್ಲಿ ಒಂದು ಯುದ್ಧ, 1998ರಲ್ಲಿ ಇನ್ನೊಂದು. ಇಂಟರ್‌ನ್ಯಾಷನಲ್ ರೆಸ್ಕ್ಯೂ ಕಮಿಟಿ ಅನ್ನೋ ಸಂಸ್ಥೆ 1998ರಿಂದ 2007ರ ತನಕ 54 ಲಕ್ಷ ಜನ ಸತ್ತರು ಅಂತ ಲೆಕ್ಕ ಕಟ್ಟಿತು. ಆ ಲೆಕ್ಕ ಜಾಸ್ತಿ ಆಯ್ತು ಅಂತ ವಾದ ಮಾಡೋರಿದ್ದಾರೆ, ಅದೂ ನಿನಗೆ ಗೊತ್ತಿರಲಿ. ಗುಂಡಿಗಿಂತ ಹಸಿವಿಗೆ, ಮಲೇರಿಯಾಕ್ಕೆ, ಭೇದಿಗೆ ಸತ್ತೋರೇ ಹೆಚ್ಚು. ಆದ್ರೆ ಜಗಳ ಯಾವ ಕಾರಣಕ್ಕೇ ಶುರುವಾಗಲಿ, ನಡೀಬೇಕಾದ್ರೆ ಗುಂಡಿಗೆ ದುಡ್ಡು ಬೇಕು, ಗುಂಡು ಹಾರಿಸೋನಿಗೆ ಊಟ ಬೇಕು. ಅದನ್ನ ಕೊಟ್ಟಿದ್ದು ಈ ಮಣ್ಣು. 2000ನೇ ಇಸವೀಲಿ ಪ್ಲೇಸ್ಟೇಷನ್ 2 ಬಂತು, ಮೊಬೈಲು ಲೋಕದ ತುಂಬ ಹಬ್ಬಿತು, ಟ್ಯಾಂಟಲಮ್ಮಿನ ಬೆಲೆ ಒಂದೇ ವರ್ಷದಲ್ಲಿ ಹಲವು ಪಟ್ಟು ಏರಿತು. ಹೊಲದಲ್ಲಿದ್ದೋರು ಹೊಲ ಬಿಟ್ಟು ಗುಡ್ಡ ಅಗೆಯೋಕೆ ಓಡಿದ್ರು. ಅವರ ಹಿಂದೆ ಬಂದೂಕೂ ಓಡಿತು. 2001ರಲ್ಲಿ ವಿಶ್ವಸಂಸ್ಥೆಯ ತಜ್ಞರ ಸಮಿತಿ ಇದನ್ನೆಲ್ಲ ಬರೆದು ಕೊಟ್ಟಿತ್ತು. ಗೊತ್ತಿಲ್ಲ ಅನ್ನೋಕೆ ಅವತ್ತಿಂದ ಯಾರಿಗೂ ಬಾಯಿಲ್ಲ.

ಅಳಿಯ: ಟ್ಯಾಂಟಲಮ್ ಒಂದೇನಾ?

ಮಾವ: ನಾಲ್ಕು ಹೆಸರು ಹೇಳ್ತಾರೆ. ಟ್ಯಾಂಟಲಮ್, ತವರ, ಟಂಗ್‌ಸ್ಟನ್, ಚಿನ್ನ. ನಾಲ್ಕೂ ನಿನ್ನ ಮೇಜಿನ ಮೇಲೇ ಇರಬೇಕಲ್ಲ?

ಅಳಿಯ: ಇದ್ದಾವೆ. ತವರ ಅಂದ್ರೆ ಸೋಲ್ಡರ್ ತಂತಿ, ಅದಿಲ್ಲದೆ ನನ್ನ ದಿನ ಶುರುವಾಗಲ್ಲ. ಟಂಗ್‌ಸ್ಟನ್ ಅಂದ್ರೆ ವೈಬ್ರೇಟರ್ ಮೋಟರಿನ ತುದೀಲಿ ಅರೆ ಚಂದ್ರನ ಹಾಗಿರೋ ತೂಕ. ಕಡ್ಡಿಗೆ ಒಂದೇ ಪಕ್ಕ ಸಿಕ್ಕಿಸಿರ್ತಾರೆ, ತಿರುಗಿದಾಗ ಅದು ಎಳೆದಾಡುತ್ತೆ, ಫೋನು ನಡುಗುತ್ತೆ. ಚಿನ್ನ ಕನೆಕ್ಟರ್‌ಗೆ, ಸಿಮ್ ತಾಗೋ ಕಡೆಗೆ, ಬೋರ್ಡಿನ ಅಂಚಿಗೆ, ನೀರಿನಷ್ಟು ತೆಳ್ಳಗೆ. ಟ್ಯಾಂಟಲಮ್ಮು ಚಿಕ್ಕ ಫೋನಿನಲ್ಲಿ ಈಗ ಕಡಿಮೆ, ಸೆರಾಮಿಕ್ಕೇ ಜಾಸ್ತಿ. ಲ್ಯಾಪ್‌ಟಾಪಿನಲ್ಲಿ ಇನ್ನೂ ಸಿಗುತ್ತೆ. ಒಂದೊಂದರಲ್ಲಿ ಇರೋದು ಮಿಲಿಗ್ರಾಂ ಲೆಕ್ಕ ಮಾವ. ಅದಕ್ಕೇ ಯಾರಿಗೂ ಕಾಣಲ್ಲ.

ಮಾವ: ಚಿನ್ನದ ಮಾತು ಬಂದ್ರೆ ಕಾಂಗೋಗೇ ಹೋಗಬೇಕಾಗಿಲ್ಲ. ಕೋಲಾರದ ಚಿನ್ನದ ಗಣೀಲಿ ಮೂರು ಕಿಲೋಮೀಟರಿಗೂ ಆಳ ಇಳಿದು, ಬಂಡೆ ಸಿಡಿದು ಸತ್ತೋರೆಷ್ಟು, ಸಿಲಿಕೋಸಿಸ್ ಬಂದು ಉಸಿರು ಕಟ್ಟಿ ಸತ್ತೋರೆಷ್ಟು. ದಲಿತ ಕುಟುಂಬಗಳೇ ಹೆಚ್ಚು. 2001ರ ಫೆಬ್ರವರಿ 28ಕ್ಕೆ ಗಣಿ ಮುಚ್ಚಿದ್ರು. ಸೈನೈಡ್ ಗುಡ್ಡಗಳು ಹಾಗೇ ನಿಂತಿವೆ, ಗಾಳಿ ಬೀಸಿದ್ರೆ ಧೂಳು ಅವರ ಮನೆ ಮೇಲೇ. ಅದೇ ಜಿಲ್ಲೆಯ ನರಸಾಪುರದಲ್ಲಿ ಈಗ ಐಫೋನ್ ಜೋಡಿಸ್ತಾರೆ. ಕೆಜಿಎಫ್‌ನಿಂದ ಅಲ್ಲಿಗೆ ಏನು ಮಹಾ ದೂರ? ಗಣಿ ಕೆಲಸದೋರ ಮೊಮ್ಮಕ್ಕಳು ಕೆಲಸ ಹುಡುಕ್ಕೊಂಡು ಅಂಥ ಫ್ಯಾಕ್ಟರಿ ಬಾಗಿಲಿಗೇ ಹೋಗಬೇಕು.

ಅಳಿಯ: ಸರಿ. ಕಾಂಗೋ ವಿಷಯಕ್ಕೆ ಬನ್ನಿ. ಇಷ್ಟೆಲ್ಲ ಗೊತ್ತಾದ ಮೇಲೂ ಯಾರೂ ಏನೂ ಮಾಡಲಿಲ್ವಾ?

ಮಾವ: ಮಾಡಿದ್ರು. 2010ರ ಜುಲೈನಲ್ಲಿ ಅಮೆರಿಕ ಒಂದು ಕಾನೂನು ಮಾಡಿತು. ಬ್ಯಾಂಕುಗಳಿಗೆ ಸಂಬಂಧಪಟ್ಟ ಡಾಡ್-ಫ್ರಾಂಕ್ ಕಾಯ್ದೆ ಅದು. ಅದರ 1502ನೇ ಕಲಮಿನ ಪ್ರಕಾರ, ಷೇರು ಮಾರುಕಟ್ಟೇಲಿರೋ ಕಂಪನಿಗಳು ಈ ನಾಲ್ಕು ಲೋಹ ಬಳಸಿದ್ರೆ ಕಾಂಗೋ ಸೀಮೆಯಿಂದ ಬಂದಿದ್ದೋ ಅಲ್ವೋ ಅಂತ ವಿಚಾರಿಸಿ ವರದಿ ಕೊಡಬೇಕು. ಯುರೋಪಿನ ಕಾನೂನು 2021ರ ಜನವರಿ 1ರಿಂದ ಜಾರಿಗೆ ಬಂತು. ನಮ್ಮ ದೇಶದಲ್ಲಿ ಇಂಥ ಕಾನೂನು ಇಲ್ಲ, ಫೋನು ಮಾತ್ರ ಕೋಟಿಗಟ್ಟಲೆ ಇಲ್ಲೇ ತಯಾರಾಗುತ್ತೆ. ಅಮೆರಿಕದ ಕಾನೂನು ಬಂದ ಮೇಲೆ ಏನಾಯ್ತು ಗೊತ್ತಾ? ಅದೇ 2010ರ ಸೆಪ್ಟೆಂಬರಿನಲ್ಲಿ ಕಾಂಗೋ ಅಧ್ಯಕ್ಷ ಕಬಿಲಾ ಪೂರ್ವದ ಪ್ರಾಂತ್ಯಗಳಲ್ಲಿ ಕೈಗಣಿಗಾರಿಕೇನೇ ನಿಲ್ಲಿಸಿದ್ರು. ಮುಂದಿನ ಮಾರ್ಚಿಗೆ ತೆರವು ಮಾಡಿದ್ರು, ಅಷ್ಟರಲ್ಲಿ ದೊಡ್ಡ ಕೊಳ್ಳೋರು ‘ಈ ತಂಟೇನೇ ಬೇಡ’ ಅಂತ ಆ ಸೀಮೆ ಬಿಟ್ಟು ಎದ್ದು ಹೋಗಿದ್ರು. ಅಗೆದು ಉಣ್ಣೋನ ಗತಿ ಏನು? ಮಕ್ಕಳ ಸ್ಕೂಲ್ ಫೀಸು ನಿಂತಿತು, ಆಸ್ಪತ್ರೆಗೆ ಹೋಗೋದು ನಿಂತಿತು. ಬಂದೂಕು ಹಿಡಿದೋನು ಚಿನ್ನದ ಕಡೆ ತಿರುಗಿದ. ಚಿನ್ನ ಜೇಬಲ್ಲಿ ಹೋಗುತ್ತೆ, ಅದನ್ನ ತಡೆಯೋದು ಕಷ್ಟ.

ಅಳಿಯ: ಇದು ನನಗೆ ಗೊತ್ತಿರೋ ಕಥೆ ಮಾವ. ಕಾಂಗೋ ಹೆಸರು ತೆಗೆದು ಚಿಕ್ಕನಾಯಕನಹಳ್ಳಿ ಅಂತ ಹಾಕಿ. 2011ರಲ್ಲಿ ಸುಪ್ರೀಂ ಕೋರ್ಟು ಗಣಿ ನಿಲ್ಲಿಸಿದಾಗ ನಮ್ಮಪ್ಪನ ಲಾರಿ ಇನ್ನೂ ಸಾಲದಲ್ಲಿತ್ತು. ಫೈನಾನ್ಸಿನೋರು ಬಂದು ಎತ್ಕೊಂಡು ಹೋದ್ರು. ಅಪ್ಪ ಅವತ್ತು ಲಾರಿ ಹಿಂದೆ ಗೇಟಿನ ತನಕ ನಡ್ಕೊಂಡು ಹೋಗಿದ್ದು ನಾನು ನೋಡಿದ್ದೀನಿ. ಕೋರ್ಟು ಒಳ್ಳೇದೇ ಮಾಡಿರಬಹುದು. ನಮ್ಮ ಮನೇಲಿ ಅವತ್ತು ಅದನ್ನ ಒಳ್ಳೇದು ಅಂತ ಯಾರೂ ಅನ್ನಲಿಲ್ಲ.

ಮಾವ: ನಿಮ್ಮಪ್ಪ ಮೊದಮೊದಲು ನನ್ನ ಮೇಲೂ ಸಿಟ್ಟಾಗಿದ್ರು, ‘ನೀನು ತೂಕದ ಮನೇಲಿ ಕೂತು ಎಲ್ಲ ನೋಡ್ತಿದ್ದೆ, ಒಂದು ಮಾತು ಮುಂಚೆ ಹೇಳಬಾರದಿತ್ತಾ’ ಅಂತ. ಏನು ನೋಡ್ತಿದ್ದೆ ಅಂತ ಹೇಳ್ತೀನಿ ಕೇಳು. ಟಿಪ್ಪರ್ ಬಂದು ಕಬ್ಬಿಣದ ಹಲಗೆ ಮೇಲೆ ನಿಲ್ಲುತ್ತೆ. ಒಳಗೆ ಕೆಂಪು ಅಂಕಿ ಓಡಿ ಓಡಿ ನಿಲ್ಲುತ್ತೆ. ಪರ್ಮಿಟ್ಟಿನಲ್ಲಿರೋದು ಹತ್ತು ಟನ್ನು, ಹಲಗೆ ಮೇಲೆ ಹದಿನಾರು. ಬೆಳಗ್ಗೆ ತೋರಿಸಿದ ಪರ್ಮಿಟ್ಟನ್ನೇ ಮಧ್ಯಾಹ್ನ ತೋರಿಸೋರು, ಸಂಜೆಗೂ ಅದೇ. ಪಟ್ಟಾ ಜಮೀನಲ್ಲಿ ಅಗೆದದ್ದು, ಕಾಡಂಚಲ್ಲಿ ಅಗೆದದ್ದು, ಗುತ್ತಿಗೆ ಗಡಿಯಾಚೆ ಅಗೆದದ್ದು, ಎಲ್ಲ ಒಂದೇ ಹೆಸರಿನ ಚೀಟೀಲಿ ಹೊರಗೆ ಹೋಗೋದು. ಗೇಟು ದಾಟಿದ ಮೇಲೆ ಯಾವ ಅದಿರು ಯಾವ ಗುಡ್ಡದ್ದು ಅಂತ ದೇವರೇ ಬಂದ್ರೂ ಹೇಳಕ್ಕಾಗಲ್ಲ. ಕೆಂಪಗೆ ಇರುತ್ತೆ, ಅಷ್ಟೇ. ದಾರಿ ಪಕ್ಕದ ತೆಂಗಿನ ಗರಿ ಕೂಡ ಕೆಂಪಾಗಿತ್ತು, ಹರಳು ಉದುರಿ ಬೀಳ್ತಿತ್ತು. ಬೋರ್‌ವೆಲ್ ಬತ್ತಿದೋರು ಬಂದು ಗೇಟಿನ ಮುಂದೆ ನಿಂತ್ರೆ ಅವರನ್ನ ಆ ಕಡೆ ಕಳಿಸೋದು ನನ್ನ ಕೆಲಸ. ಅದು ಬಳ್ಳಾರಿ, ಚಿತ್ರದುರ್ಗ, ನಮ್ಮ ತುಮಕೂರು, ಎಲ್ಲ ಕಡೆ ನಡೆದದ್ದೇ. ಲೋಕಾಯುಕ್ತರಾಗಿದ್ದ ಸಂತೋಷ್ ಹೆಗ್ಡೆಯವರು 2011ರ ಜುಲೈನಲ್ಲಿ ಕೊಟ್ಟ ವರದೀಲಿ 16,085 ಕೋಟಿ ರೂಪಾಯಿ ನಷ್ಟ ಅಂತ ಬರೆದ್ರು. ಬೇಲೆಕೇರಿ ಬಂದರಿನಲ್ಲಿ ಅರಣ್ಯ ಇಲಾಖೆಯೋರು ಹಿಡಿದು ಇಟ್ಟಿದ್ದ ಅದಿರೇ ಹಡಗು ಹತ್ತಿ ಮಾಯ ಆಗಿತ್ತು.

ಅಳಿಯ: ಕಾಂಗೋದಲ್ಲೂ ಚೀಟಿ ಇದೆಯಾ?

ಮಾವ: ಅಲ್ಲಿ ಟ್ಯಾಗು. ಅಮೆರಿಕದ ಕಾನೂನು ಬಂದ ಸುಮಾರಿಗೆ ತವರ, ಟ್ಯಾಂಟಲಮ್ ವ್ಯಾಪಾರದೋರು ಸೇರಿ ಐಟಿಎಸ್‌ಸಿಐ ಅಂತ ಒಂದು ವ್ಯವಸ್ಥೆ ನಡೆಸಿದ್ರು. ಗಣಿ ಬಾಯಲ್ಲೇ ಚೀಲ ಕಟ್ಟಿ, ನಂಬರ್ ಇರೋ ಟ್ಯಾಗು ಹಾಕಿ, ಪುಸ್ತಕದಲ್ಲಿ ಬರೆಯೋದು. ಆ ನಂಬರ್ ಹಿಡ್ಕೊಂಡು ಬಂದ್ರೆ ಚೀಲ ಯಾವ ಗುಂಡಿಯದು ಅಂತ ಗೊತ್ತಾಗಬೇಕು. ಕೇಳೋಕೆ ಚೆನ್ನಾಗಿದೆ. 2022ರಲ್ಲಿ ಗ್ಲೋಬಲ್ ವಿಟ್ನೆಸ್ ಸಂಸ್ಥೆ ಹೋಗಿ ನೋಡಿ, ಟ್ಯಾಗ್ ಇಲ್ಲದ ಗಣಿಯ ಮಾಲು, ಬಂದೂಕಿನೋರ ಕೈಲಿರೋ ಗಣಿಯ ಮಾಲು, ಮಕ್ಕಳು ಅಗೆದ ಮಾಲು ಎಲ್ಲ ಒಳ್ಳೇ ಗಣಿಯ ಟ್ಯಾಗಿನಲ್ಲಿ ಸೇರ್ತಿದೆ ಅಂತ ವರದಿ ಮಾಡಿತು. ಐಟಿಎಸ್‌ಸಿಐನೋರು ಅಲ್ಲಗಳೆದ್ರು. ನಾನು ಆ ವರದಿ ಸುದ್ದಿ ಓದ್ತಾ ಇದ್ರೆ ನಮ್ಮ ವೇಬ್ರಿಡ್ಜಿನ ಮುಂದೆ ನಿಂತ ಹಾಗಾಯ್ತು. ಆಮೇಲೆ 2024ರಲ್ಲಿ ಎಂ23 ಅನ್ನೋ ದಂಡು ರುಬಾಯಾನೇ ಹಿಡ್ಕೊಂಡಿತು. ಆ ಒಂದು ಗಣಿಯಿಂದ ತಿಂಗಳಿಗೆ ಸುಮಾರು 8 ಲಕ್ಷ ಡಾಲರ್ ತೆರಿಗೆ ಎತ್ತುತ್ತಿದೆ, ತಿಂಗಳಿಗೆ 120 ಟನ್ ಕೋಲ್ಟಾನ್ ರುವಾಂಡಾಕ್ಕೆ ಹೋಗಿ ಅಲ್ಲಿಯದರ ಜತೆ ಬೆರೀತಿದೆ ಅಂತ ವಿಶ್ವಸಂಸ್ಥೆಯ ತಜ್ಞರು ಬರೆದ್ರು. ರುವಾಂಡಾ ಒಪ್ಪಲ್ಲ. 2025ರ ಜನವರೀಲಿ ಗೋಮಾ ಪಟ್ಟಣವೇ ಆ ದಂಡಿನ ಕೈಗೆ ಹೋಯ್ತು. ನಾನು ಗಾಡಿ ಓಡಿಸಿದ ಬೀದಿಗಳನ್ನ ಟಿವೀಲಿ ನೋಡಿದೆ.

ಅಳಿಯ: ಕಂಪನಿಯೋರು ಏನಂತಾರೆ?

ಮಾವ: 2024ರ ಡಿಸೆಂಬರಿನಲ್ಲಿ ಕಾಂಗೋ ಸರ್ಕಾರ ಆಪಲ್ ಮೇಲೆ ಫ್ರಾನ್ಸ್, ಬೆಲ್ಜಿಯಂನಲ್ಲಿ ದೂರು ಕೊಟ್ಟಿತು. ಆಪಲ್‌ನೋರು ಒಪ್ಪಲಿಲ್ಲ. ಕಾಂಗೋ, ರುವಾಂಡಾದಿಂದ ಈ ಲೋಹಗಳನ್ನ ತರಿಸಬೇಡಿ ಅಂತ ನಮ್ಮ ಸರಬರಾಜುದಾರರಿಗೆ ಹೇಳಿದ್ದೀವಿ ಅಂದ್ರು. ಅದೂ ಒಂದು ಉತ್ತರವೇ. ಆದ್ರೆ ನೋಡು, ತರಿಸಬೇಡಿ ಅಂದ ಕೂಡಲೇ ಆ ಹುಡುಗನಿಗೆ ಅಂಗಿ ವಾಪಸ್ ಬರಲ್ಲ.

ಅಳಿಯ: ಇಲ್ಲೇ ನನಗೆ ತಲೆ ಕೆಡೋದು. ಕೊಂಡ್ರೆ ಬಂದೂಕಿಗೆ ದುಡ್ಡು. ಕೊಳ್ಳದೇ ಇದ್ರೆ ಅಗೆಯೋನ ಒಲೆ ಉರಿಯಲ್ಲ. ಯಾವುದು ಸರಿ ಅಂತೀರಿ?

ಮಾವ: ಕೊಳ್ಳೋದೋ ಬಿಡೋದೋ ಅಂತ ಕೇಳಿದ್ರೆ ಸರಿ ಉತ್ತರ ಸಿಗಲ್ಲ. ನಮ್ಮಲ್ಲಿ ಹೇಗೆ ನಿಂತಿತು ಅಂತ ಜ್ಞಾಪಿಸ್ಕೋ. ನಮ್ಮ ಅದಿರು ಕೊಂಡಿದ್ದು ಚೀನಾದ ಉಕ್ಕಿನ ಕಾರ್ಖಾನೆ. ಅವರೇನು ‘ತುಮಕೂರಿನ ತೆಂಗಿನ ತೋಟ ಏನಾಯ್ತಪ್ಪ’ ಅಂತ ಕೇಳಿದ್ರಾ? ಕೇಳಿದ್ದು ಧಾರವಾಡದ ಸಮಾಜ ಪರಿವರ್ತನ ಸಮುದಾಯ. ಎಸ್.ಆರ್. ಹಿರೇಮಠರು 2009ರಲ್ಲಿ ಸುಪ್ರೀಂ ಕೋರ್ಟಿಗೆ ಹೋದ್ರು. ಊರೂರಲ್ಲಿ ರೈತರು ನಿಂತ್ರು. 2011ರ ಜುಲೈ 29ಕ್ಕೆ ಬಳ್ಳಾರೀಲಿ ಗಣಿ ನಿಲ್ಲಿಸಿದ ಕೋರ್ಟು, ಆಗಸ್ಟ್ 26ಕ್ಕೆ ನಮ್ಮ ಜಿಲ್ಲೆ, ಚಿತ್ರದುರ್ಗ ಎರಡರಲ್ಲೂ ನಿಲ್ಲಿಸಿತು. ಬರೀ ಕಾಗದ ತರಿಸಿ ನೋಡಲಿಲ್ಲ. ಕೋರ್ಟಿನ ಸಿಇಸಿ ಅನ್ನೋ ಸಮಿತಿ ಉಸ್ತುವಾರೀಲಿ ಸರ್ವೇ ತಂಡ ಗುಡ್ಡ ಹತ್ತಿ, ಗಡಿ ಅಳೆದು, 166 ಗುತ್ತಿಗೆಗಳನ್ನ ಎ, ಬಿ, ಸಿ ಅಂತ ಬೇರೆ ಮಾಡಿದ್ರು. ಸಿ ಅಂದ್ರೆ ಗಡಿ ಮೀರಿ ಪೂರಾ ಕೆಡಿಸಿದ್ದು, 49 ಇದ್ದವು, ಅವುಗಳ ಗುತ್ತಿಗೆ ರದ್ದಾಯ್ತು. ಉಳಿದವರು ಕೆಡಿಸಿದ ಜಾಗ ಸರಿ ಮಾಡೋ ಯೋಜನೆ ಕೊಟ್ಟ ಮೇಲೇ ಶುರು ಮಾಡಬೇಕು, ವರ್ಷಕ್ಕೆ ಇಷ್ಟೇ ಅಗೀಬೇಕು, ಇ-ಹರಾಜಲ್ಲೇ ಮಾರಬೇಕು ಅಂತ ಕೋರ್ಟು ಆಗ ಷರತ್ತು ಹಾಕಿತ್ತು. ನೆಲದ ಮೇಲೆ ಹೋಗಿ ಅಳೆದರು ನೋಡು, ಅದು ನನಗೆ ಮುಖ್ಯ. ಅಳೆದ ಮೇಲೆ ಪರ್ಮಿಟ್ಟು ಸುಳ್ಳು ಹೇಳಕ್ಕಾಗಲಿಲ್ಲ.

ಅಳಿಯ: ನಮ್ಮಪ್ಪನ ಲಾರಿ ಅಳೆಯೋಕೆ ಯಾರೂ ಬರಲಿಲ್ಲ.

ಮಾವ: ಬರಲಿಲ್ಲ. ಅದನ್ನ ನಾನು ಮುಚ್ಚಿಡಲ್ಲ. ಗಣಿ ಸರಿ ಮಾಡೋಕೆ ಅಂತ ಎತ್ತಿಟ್ಟ ಸಾವಿರಾರು ಕೋಟಿ ವರ್ಷಗಟ್ಟಲೆ ಬ್ಯಾಂಕಲ್ಲೇ ಇತ್ತು. ಗುದ್ದಲಿ ಹಿಡಿದೋನು, ಕ್ಲೀನರು, ಡ್ರೈವರು, ಗೇಟಲ್ಲಿದ್ದ ನಾನು, ನಮಗೆ ಯಾರಿಗೂ ನಾಳೆಯಿಂದ ಏನು ಅಂತ ಹೇಳಿದೋರಿಲ್ಲ. ದುಡ್ಡು ಮಾಡಿದೋನು ಬಂಗ್ಲೆ ಕಟ್ಟಿಯಾಗಿತ್ತು. ನಿಲ್ಲಿಸಿದ್ದು ಸರಿ. ನಿಲ್ಲಿಸಿದ ದಿನವೇ ಕೂಲಿಯೋನ ಹೊಟ್ಟೆಗೆ ದಾರಿ ಮಾಡಬೇಕಿತ್ತು, ಅದು ಆಗಲಿಲ್ಲ. ಕಾಂಗೋದಲ್ಲೂ ಹೀಗೇ ಆಯ್ತು, ಅಲ್ಲಿ ಹತ್ತು ಪಟ್ಟು ಘೋರ. ನಮಗೆ ಕನಿಷ್ಠ ಕೋರ್ಟಿತ್ತು, ಪತ್ರಿಕೆ ಇತ್ತು, ‘ನನ್ನ ತೋಟ ಹಾಳಾಯ್ತು’ ಅಂತ ಕೂಗಿದ್ರೆ ಗುಂಡು ಹೊಡೆಯೋರಿರಲಿಲ್ಲ. ರುಬಾಯಾದಲ್ಲಿ ಕೂಗೋನು ಎಲ್ಲಿ ಕೂಗಬೇಕು? ಅಲ್ಲಿಯ ಹೆಂಗಸರ ಮೇಲೆ ನಡೆದ ದೌರ್ಜನ್ಯ ಬಾಯಿಬಿಟ್ಟು ಹೇಳೋದಲ್ಲ. ಬುಕಾವುನಲ್ಲಿ ಪಾಂಜಿ ಆಸ್ಪತ್ರೆ ಇದೆ, 1999ರಲ್ಲಿ ಡೆನಿಸ್ ಮುಕ್ವೇಗೆ ಅನ್ನೋ ಡಾಕ್ಟರು ಶುರು ಮಾಡಿದ್ದು. ಹೆರಿಗೆ ಮಾಡಿಸೋಕೆ ಕಟ್ಟಿದ ಆಸ್ಪತ್ರೆ, ಸೈನಿಕರು ಕೆಡಿಸಿದ ಹೆಂಗಸರ ಮೈ ಹೊಲಿಯೋ ಆಸ್ಪತ್ರೆ ಆಯ್ತು. 2018ರಲ್ಲಿ ಅವರಿಗೆ ನೊಬೆಲ್ ಶಾಂತಿ ಪ್ರಶಸ್ತಿ ಬಂತು. ಈ ಖನಿಜಗಳ ಮಾತನ್ನ ಅವರು ಅವತ್ತು ಆ ವೇದಿಕೆ ಮೇಲೂ ಎತ್ತಿದ್ರು.

ಅಳಿಯ: ಹಾಗಾದ್ರೆ ನೀವು ಹೇಳೋದು ಏನು? ಮೇಲಿಂದ ಕಾಗದ ಕೇಳಿದ್ರೆ ಪ್ರಯೋಜನ ಇಲ್ಲ ಅಂತಾನಾ?

ಮಾವ: ಕೇಳಬೇಡಿ ಅಂತಲ್ಲ. ಕೇಳದೇ ಇದ್ದಿದ್ರೆ ಇಷ್ಟೂ ಹೊರಗೆ ಬರ್ತಿರಲಿಲ್ಲ. ಆದ್ರೆ ಕಾಗದ ಕೇಳಿದೋರಿಗೆ ಕಾಗದ ಸಿಗುತ್ತೆ. ಅಗೆಯೋನಿಗೆ ಸಂಘ ಕಟ್ಟೋ ಹಕ್ಕು ಇರಬೇಕು, ತೂಕ ಅವನ ಕಣ್ಣೆದುರು ಆಗಬೇಕು, ‘ಬಿದಿರು ಕಟ್ಟಿ ನನ್ನ ದುಡ್ಡು ಕಿತ್ಕೊಂಡ್ರು’ ಅಂತ ಹೇಳಿದ್ರೆ ಅವನ ಜೀವಕ್ಕೆ ಅಪಾಯ ಆಗಬಾರದು. ಲಾಭ ಮಾಡೋ ಕಂಪನಿ ಅಲ್ಲಿಂದ ಎದ್ದು ಹೋಗೋ ಬದಲು ಅದಕ್ಕೆ ದುಡ್ಡು ಸುರೀಬೇಕು. ಈಗ ಸುರೀತಿರೋದು ಆಡಿಟರ್‌ಗಳಿಗೆ. ಗಣಿ ಬಾಯಲ್ಲಿರೋನು ನಿರ್ಭಯವಾಗಿ ಸಾಕ್ಷಿ ಹೇಳೋ ತನಕ ಟ್ಯಾಗಿಗೂ ನಮ್ಮ ಹಳೇ ಪರ್ಮಿಟ್ಟಿಗೂ ವ್ಯತ್ಯಾಸ ಇಲ್ಲ.

ಅಳಿಯ: ಮಂಡ್ಯದ ಮರಳಗಾಲದಲ್ಲಿ ಲಿಥಿಯಂ ಸಿಕ್ಕಿದೆ ಅಂತ ಸುದ್ದಿ ಬಂದಾಗ ಅಂಗಡೀಲಿ ಹುಡುಗರೆಲ್ಲ ಖುಷಿಯಾಗಿದ್ರು. ಮೊದಲು 14,100 ಟನ್ ಅಂದ್ರು, ಆಮೇಲೆ 1,600 ಅಂತ ಬಂತು. ಬ್ಯಾಟರಿ ನಮ್ಮದೇ ಆಗುತ್ತೆ ಅಂತ ಮಾತು. ಇವತ್ತು ನಿಮ್ಮ ಮಾತು ಕೇಳಿದ ಮೇಲೆ, ಅಲ್ಲಿ ಅಗೆಯೋಕೆ ಬಂದ್ರೆ ವೇಬ್ರಿಡ್ಜಿನಲ್ಲಿ ಯಾರು ಕೂತಿರ್ತಾರೆ ಅಂತ ಯೋಚನೆ ಆಗ್ತಿದೆ.

ಮಾವ: ಆ ಪ್ರಶ್ನೇನ ಆ ಊರಿನೋರು ಅಗೆಯೋಕೆ ಮುಂಚೆ ಕೇಳಬೇಕು. ನಾವು ಅಗೆದ ಮೇಲೆ ಕೇಳಿದ್ವಿ. ಇರಲಿ, ನಿನ್ನ ಅಂಗಡಿ ವಿಷಯ ಹೇಳು. ಸತ್ತ ಬೋರ್ಡುಗಳನ್ನ ಏನು ಮಾಡ್ತೀಯ?

ಅಳಿಯ: ಡಬ್ಬಿಗೆ ಹಾಕ್ತೀನಿ, ತುಂಬಿದ ಮೇಲೆ ಗುಜರಿಯೋನು ಕೆಜಿ ಲೆಕ್ಕದಲ್ಲಿ ತಗೊಂಡು ಹೋಗ್ತಾನೆ. ಬೆಂಗಳೂರಿಗೆ ಹೋಗುತ್ತೆ ಅಂತಾನೆ. ಅಲ್ಲಿಂದ ಮುಂದೆ ದೆಹಲಿಯ ಸೀಲಂಪುರ, ಮೊರಾದಾಬಾದ್. ವಿಡಿಯೋ ನೋಡಿದ್ದೀನಿ. ಆಸಿಡ್ ಬಕೆಟ್‌ನಲ್ಲಿ ಬೋರ್ಡು ಅದ್ದಿ ಚಿನ್ನ ಬಿಡಿಸ್ತಾರೆ. ಹೆಂಗಸರು, ಮಕ್ಕಳು, ಬರಿಗೈ. ಉಳಿದದ್ದನ್ನ ಸುಡ್ತಾರೆ. ಒಂದು ಟನ್ ಹಳೇ ಫೋನಿನಲ್ಲಿ ಇರೋ ಚಿನ್ನ ಒಂದು ಟನ್ ಗಣಿ ಅದಿರಿನಲ್ಲಿ ಸಿಗಲ್ಲ ಮಾವ, ಎಷ್ಟೋ ಪಟ್ಟು ಜಾಸ್ತಿ ಇರುತ್ತೆ. ಆದ್ರೆ ಟ್ಯಾಂಟಲಮ್ಮನ್ನ ಅಲ್ಲಿ ಯಾರೂ ತೆಗೆಯಲ್ಲ, ಅದು ಬೂದಿಯಾಗಿ ಹೋಗುತ್ತೆ.

ಮಾವ: ಅಂದ್ರೆ ಆ ಹುಡುಗ ಚುಕುಡು ಮೇಲೆ ತಂದದ್ದು ಮೊರಾದಾಬಾದಿನ ಬೂದೀಲಿ ಬೀಳುತ್ತೆ. ಅವನ ತಮ್ಮ ಅದನ್ನೇ ಮತ್ತೆ ಅಗೀಬೇಕು.

ಅಳಿಯ: ಅದಕ್ಕೇ ನಾನು ಆದಷ್ಟು ರಿಪೇರಿ ಮಾಡಿ ಕಳಿಸ್ತೀನಿ. ‘ಹೊಸದೇ ತಗೊಳ್ಳಿ, ಇದಕ್ಕೆ ದುಡ್ಡು ದಂಡ’ ಅಂತ ಹೇಳಿದ್ರೆ ನನಗೆ ತಲೆನೋವಿಲ್ಲ. ಆದ್ರೂ ಒಂದು ಕೆಪಾಸಿಟರ್ ಬದಲಿಸಿ ಮೂರು ವರ್ಷ ಓಡಿಸಬಹುದಾದ ಲ್ಯಾಪ್‌ಟಾಪನ್ನ ಎಸೆಯೋಕೆ ಮನಸ್ಸು ಬರಲ್ಲ. ಬಿಡಿಭಾಗ ಸಿಗಲ್ಲ, ಅಂಟು ಹಾಕಿ ಮುಚ್ಚಿರ್ತಾರೆ, ಕಂಪನಿಯೋರು ನಕ್ಷೆ ಕೊಡಲ್ಲ. ಅದೇ ಜಗಳ ದಿನಾ.

ಮಾವ: ದಾಬಸ್‌ಪೇಟೇಲಿ ಇ-ಪರಿಸರ ಅಂತ ಇದೆಯಲ್ಲ? 2005ರ ಸುಮಾರಿನಿಂದ ಇ-ತ್ಯಾಜ್ಯ ಬಿಡಿಸೋ ಕೆಲಸ ಮಾಡ್ತಿದ್ದಾರೆ, ಸರ್ಕಾರದ ಅನುಮತಿ ಪಡೆದ ಮೊದಲಿನೋರಲ್ಲಿ ಒಬ್ಬರು. ನಿನಗೆ ದೂರವೇನಲ್ಲ.

ಅಳಿಯ: ಹೆಸರು ಕೇಳಿದ್ದೀನಿ. ಗುಜರಿಯೋನು ಅಂಗಡಿಗೇ ಬಂದು ರೊಕ್ಕ ಎಣಿಸ್ತಾನೆ, ಅಲ್ಲಿಗೆ ನಾನು ಹೊತ್ಕೊಂಡು ಹೋಗಬೇಕು. ಕುಣಿಗಲ್ಲಲ್ಲಿ ನಮ್ಮಂಥ ಅಂಗಡಿಯೋರು ನಾಕೈದು ಜನ ಸೇರಿದ್ರೆ ಒಂದು ಗೂಡ್ಸ್ ಆಟೋ ತುಂಬುತ್ತೆ. ಕೇಳಿ ನೋಡ್ತೀನಿ. ತಗೊಂಡ ಮಾಲಿಗೆ ಅವರು ರಸೀದಿ ಕೊಡ್ತಾರೆ ಅಂತ ಕೇಳಿದ್ದೆ.

ಮಾವ: ರಸೀದಿ ಇಸ್ಕೋ. ಇಸ್ಕೊಂಡ ಮೇಲೆ ಒಳಗೆ ಬಿಡ್ತೀರಾ ಅಂತ ಕೇಳು. ಎಲ್ಲಿ ಬಿಡಿಸ್ತಾರೆ, ಬಿಡಿಸೋರ ಕೈಗೆ ಗ್ಲೌಸ್ ಇದೆಯಾ, ಮೂಗಿಗೆ ಏನು ಕಟ್ಟಿದ್ದಾರೆ, ನೀರು ಎಲ್ಲಿಗೆ ಹೋಗುತ್ತೆ, ಅವರಿಗೆ ದಿನಕ್ಕೆ ಎಷ್ಟು ಕೂಲಿ. ನೋಡಿ ಬಾ. ಬೇಕಿದ್ರೆ ನಾನೂ ಆಟೋದಲ್ಲಿ ಬರ್ತೀನಿ.

ಅಳಿಯ: ಬನ್ನಿ. ಬುಧವಾರ ಅಂಗಡಿ ರಜ ಹಾಕ್ತೀನಿ. ತೂಕಕ್ಕೆ ನೀವೇ ನಿಲ್ಲಬೇಕು.